ಬಾಗಿಲು ಮುಚ್ಚಿದ್ದ ಕಾಲದ ನಮ್ಮವರು

ಆತ್ಮೀಯ ಸದಸ್ಯರೇ,

ರಾಜ್ಯೋತ್ಸವ ಸಂಚಿಕೆ ನಾಳೆ ಬೆಳಿಗ್ಗೆ ಅಚ್ಚಿಗೆ ಹೋಗಬೇಕು. ಇಲ್ಲಿನ ಶಾಲೆಯಲ್ಲಿ ಅಮೆರಿಕದ 1920ರ ದಶಕದ ಪಾಠ ಕೇಳಿಬಂದ ನಮ್ಮ ಕನ್ನಡ ತರಗತಿಯ ಬಾಲಕಿಯೊಬ್ಬಳು, "ಆಗ ನಮ್ಮವರು ಇಲ್ಲಿ ಇದ್ದರಾ ಅಂಕಲ್?" ಎಂದು ಕೇಳಿದ್ದರಿಂದ ಈ ಬಾರಿಯ ಪುಟ ಅವಳಿಗೇ ಮೀಸಲು.

ಅವಳ ಪಾಠದಲ್ಲಿ ನ್ಯೂಯಾರ್ಕಿನ ಹಾರ್ಲೆಮ್ ಬಡಾವಣೆಯ ಜಾಝ್ ಸಂಗೀತ, ರೇಡಿಯೊ, ಫೋರ್ಡ್ ಕಾರು, 1920ರಲ್ಲಿ ಮಹಿಳೆಯರಿಗೆ ದೊರೆತ ಮತದಾನದ ಹಕ್ಕು ಎಲ್ಲವೂ ಇದ್ದವು. ಆದರೆ 1923ರಲ್ಲಿ, ಅಮೆರಿಕದ ಸೈನ್ಯದಲ್ಲಿ ದುಡಿದಿದ್ದ ಭಗತ್ ಸಿಂಗ್ ಥಿಂಡ್ ಅವರ ಮೊಕದ್ದಮೆಯಲ್ಲಿ, ಭಾರತೀಯರು ಪೌರತ್ವಕ್ಕೆ ಅರ್ಹರಲ್ಲವೆಂದು ಇಲ್ಲಿನ ಸುಪ್ರೀಂ ಕೋರ್ಟ್ ತೀರ್ಪಿತ್ತದ್ದು ಅದರಲ್ಲಿರಲಿಲ್ಲ. ಅದಾಗಲೇ ಪೌರರಾಗಿದ್ದ ಹಲವರ ಪೌರತ್ವವೂ ಹೋಯಿತು. 1922ರ ಕೇಬಲ್ ಕಾಯಿದೆಯ ಪ್ರಕಾರ, ಹೀಗೆ ಪೌರತ್ವಕ್ಕೆ ಅರ್ಹರಲ್ಲದವರನ್ನು ಮದುವೆಯಾದ ಅಮೆರಿಕನ್ ಹೆಣ್ಣುಮಗಳು ತನ್ನ ಪೌರತ್ವವನ್ನೂ, ಅದರೊಂದಿಗೆ ಆಗತಾನೆ ಕೈಸೇರಿದ್ದ ಮತದ ಹಕ್ಕನ್ನೂ ಕಳೆದುಕೊಳ್ಳಬೇಕಿತ್ತು.

ಹಲವು ವರ್ಷಗಳ ಹಿಂದೆ ಕ್ಯಾಲಿಫೋರ್ನಿಯದ ಇಂಪೀರಿಯಲ್ ಕಣಿವೆಯಲ್ಲಿ ವೃದ್ಧೆಯೊಬ್ಬರ ಮನೆಯಲ್ಲಿ ಊಟ ಮಾಡಿದ್ದೆ. ಅವರ ತಂದೆ ಪಂಜಾಬಿ ರೈತ, ತಾಯಿ ಮೆಕ್ಸಿಕೊದವರು. ಊರಿನಿಂದ ಹೆಂಡತಿಯನ್ನು ಕರೆತರಲು ವಲಸೆ ಕಾಯಿದೆ ಬಿಡದಿದ್ದ ಆ ಕಾಲದಲ್ಲಿ ಅಲ್ಲಿ ಇಂಥ ಸಂಸಾರಗಳು ನೂರಾರು ಇದ್ದವು. ಅಪ್ಪ ಕಲಿಸಿದ ಕೋಳಿ ಸಾರಿಗೆ ಅಮ್ಮ ಕಲಿಸಿದ ಟೋರ್ಟಿಯಾ ಎಂಬ ಮೆಕ್ಸಿಕೊದ ರೊಟ್ಟಿ ಬಡಿಸಿದ ಆಕೆ, ಊಟವಾದ ಮೇಲೆ ಒಂದು ತಗಡಿನ ಪೆಟ್ಟಿಗೆ ತಂದು, ಅಪ್ಪನಿಗೆ ಊರಿನಿಂದ ಬರುತ್ತಿದ್ದ ಕಾಗದಗಳನ್ನು ಮೇಜಿನ ಮೇಲೆ ಹರಡಿದರು. ಎಲ್ಲವೂ ಪಂಜಾಬಿಯ ಗುರುಮುಖಿ ಲಿಪಿಯಲ್ಲಿದ್ದವು. ಅವರಿಗೆ ಸ್ಪ್ಯಾನಿಷ್, ಇಂಗ್ಲಿಷ್ ಮಾತ್ರ ಬರುತ್ತಿದ್ದವು. "ನೀವು ಇಂಡಿಯಾದವರಲ್ಲವೇ, ಓದಿ ಹೇಳಿ" ಎಂದು ಅವರು ಕೈಗಿತ್ತ ಕಾಗದ ನನಗೂ ಓದಲು ಬರಲಿಲ್ಲ.

ಮಗು, ಅವರೇ ನಮ್ಮವರು. 1946ರಲ್ಲಿ ವರ್ಷಕ್ಕೆ ನೂರು ಮಂದಿ ಭಾರತೀಯರು ವಲಸೆ ಬರಲೆಂದು ಕೊಂಚವೇ ಸರಿದ ಬಾಗಿಲು, 1965ರ ವಲಸೆ ಕಾಯಿದೆಯಿಂದ ನಮ್ಮಂಥವರಿಗೆ ತೆರೆಯಿತು.

ಉಳಿದ ಜಾಗದಲ್ಲಿ ಸೂಚನೆಗಳು: ರಾಜ್ಯೋತ್ಸವ ಶನಿವಾರ ಸಂಜೆ ನಾಲ್ಕಕ್ಕೆ, ಊಟದ ಹೆಸರು ನೋಂದಣಿಗೆ ಬುಧವಾರವೇ ಕೊನೆ, ನಾಟಕದವರು ಒಂದು ಗಂಟೆ ಮೊದಲೇ ಬರಬೇಕು, ಭಾನುವಾರದ ತರಗತಿ ಗ್ರಂಥಾಲಯದ ಮೇಲಿನ ಕೋಣೆಯಲ್ಲಿ. ಆ ತರಗತಿಗೆ ಈಗ ಒಬ್ಬರೇ ಶಿಕ್ಷಕಿ ಇದ್ದಾರೆ, ಅವರೂ ಜನವರಿಯಲ್ಲಿ ಊರು ಬದಲಿಸುತ್ತಿದ್ದಾರೆ. ಅಕ್ಷರಮಾಲೆ ತಿದ್ದಿಸಬಲ್ಲ ಯಾರಾದರೂ ವಾರಕ್ಕೆ ಒಂದು ಗಂಟೆ ಬಿಡುವು ಮಾಡಿಕೊಳ್ಳುವಂತಿದ್ದರೆ, ದಯವಿಟ್ಟು ಈ ತಿಂಗಳೊಳಗೆ ನನಗೆ ತಿಳಿಸಿ.

— ಸಂಪಾದಕ