ಅಮಾನತು ತೆರವಾಯಿತು, ಮೇಡಂ ಅವರಿಗೆ ನಮಸ್ಕಾರ

ಸರ್ಕಾರಿ ಕೆಲಸದಿಂದ ಆಗಿದ್ದ ನನ್ನ ಅಮಾನತು ತೆರವಾಗಿ ಡ್ಯೂಟಿಗೆ ರಿಪೋರ್ಟ್ ಮಾಡಿಕೊಂಡಿದ್ದೇನೆ. ಆರೋಪ ಏನು, ದೂರು ಯಾರದು ಎಂಬುದನ್ನೆಲ್ಲ ಇಲ್ಲಿ ಮತ್ತೆ ಕೆದಕುವುದಿಲ್ಲ. ವಕೀಲರಿಗೆ, ಸಂಘದವರಿಗೆ, ಕೈಗಡ ಕೊಟ್ಟು ಇವತ್ತಿನವರೆಗೂ ವಾಪಸ್ ಕೇಳದ ಗೆಳೆಯರಿಗೆ, ಮನೆಯವರಿಗೆ ನಾನು ಋಣಿ.

ಉಳಿದ ಮಾತೆಲ್ಲ ಸಿಬ್ಬಂದಿ ಶಾಖೆಯಿಂದ ನಿವೃತ್ತರಾದ ನಮ್ಮ ಮೇಡಂ ಬಗ್ಗೆ. ಅಮಾನತಿನ ಆದೇಶ ಬಂದ ರಾತ್ರಿ ಬಂದವರೆಲ್ಲ ಸಮಾಧಾನ ಹೇಳಿ ಎದ್ದರು, ಅವರು ಮಾತ್ರ ಕೂತರು. ಆದೇಶದ ಆರಂಭದ 'ಓದಲಾಗಿದೆ' ಎಂಬಲ್ಲಿಂದ ಹಿಡಿದು ಕೊನೆಯ 'ಪ್ರತಿ' ಪಟ್ಟಿಯವರೆಗೆ ಪೆನ್ಸಿಲ್ ಹಿಡಿದು ಗೆರೆ ಎಳೆಯುತ್ತ ಹೋದರು. "ತಪ್ಪು ಮಾಡಿಲ್ಲ ಅಂತ ಆಮೇಲೆ ಹೇಳ್ಕೊಳ್ಳುವಿಯಂತೆ. ಮೊದಲು ಸಹಿ ಯಾರದು ನೋಡು" ಎಂದರು.

ಈ ಮಾತಿನಲ್ಲೇ ಅರ್ಧ ಕೇಸಿದೆ. ಅಮಾನತಿನ ಹಂತದಲ್ಲಿ ಆರೋಪ ನಿಜವೋ ಸುಳ್ಳೋ ಎಂದು ಸರ್ಕಾರಿ ನೌಕರರ ಸೇವಾ ವಿವಾದ ಕೇಳುವ ನ್ಯಾಯಮಂಡಳಿ ತೂಗಲು ಹೋಗುವುದಿಲ್ಲ. 1957ರ ಸಿಸಿಎ (ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ) ನಿಯಮಗಳ 10ನೇ ನಿಯಮದಡಿ ಸಹಿ ಹಾಕಿದವರಿಗೆ ಅಧಿಕಾರವಿತ್ತೇ, ವಿಚಾರಣೆ ಬಾಕಿಯಿದೆಯೇ ಅಥವಾ ನಡೆಸುವ ಉದ್ದೇಶವಿದೆಯೇ, ಕಾರಣ ಬರೆದಿದ್ದಾರೆಯೇ ಎಂದು ಕೇಳುತ್ತದೆ. 48 ಗಂಟೆ ಮೀರಿ ಬಂಧನದಲ್ಲಿದ್ದವರ ಅಮಾನತಿನ ದಾರಿಯೇ ಬೇರೆ, ಅದನ್ನು ಇದರೊಂದಿಗೆ ಬೆರೆಸಬಾರದು.

ರಾಜ್ಯ ನೌಕರರು ನೇರವಾಗಿ ಹೈಕೋರ್ಟಿಗೆ ಹೋಗುವಂತಿಲ್ಲ. ಮೊದಲು ಕೆಎಸ್‌ಎಟಿ, ಅಂದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ: ಬೆಂಗಳೂರು, ಇಲ್ಲವೇ ಬೆಳಗಾವಿ, ಕಲಬುರಗಿ ಪೀಠ. ಅದಕ್ಕೂ ಮುಂಚೆ ಇಲಾಖೆಯೊಳಗೆ ಮೇಲ್ಮನವಿ ಹಾಕದಿದ್ದರೆ ಸರ್ಕಾರಿ ವಕೀಲರು ಮೊದಲ ದಿನವೇ ಆ ಆಕ್ಷೇಪ ಎತ್ತುತ್ತಾರೆ. ಅದಕ್ಕೇ ಮೇಡಂ ಪ್ರತಿ ಮನವಿಗೂ ಟಪಾಲು ಶಾಖೆಯ ಮೊಹರು, ದಿನಾಂಕ, ಸಹಿ ಮೂರೂ ಬೀಳುವವರೆಗೆ ಕೌಂಟರ್ ಬಿಟ್ಟು ಕದಲಗೊಡಲಿಲ್ಲ. ಬರೀ ಸಹಿ ಇದ್ದು ದಿನಾಂಕವಿಲ್ಲದ ಸ್ವೀಕೃತಿ ಕಾಲಮಿತಿ ಲೆಕ್ಕಕ್ಕೆ ಕೆಲಸಕ್ಕೆ ಬಾರದು.

ನಮಗೆ ಕೈಹಿಡಿದದ್ದು 2015ರ ಅಜಯ್ ಕುಮಾರ್ ಚೌಧರಿ ತೀರ್ಪು. ಮೂರು ತಿಂಗಳೊಳಗೆ ದೋಷಾರೋಪಣ ಪಟ್ಟಿ ಜಾರಿಯಾಗದಿದ್ದರೆ ಅಮಾನತನ್ನು ಮುಂದುವರಿಸಬಾರದು, ಜಾರಿಯಾಗಿದ್ದರೆ ಮುಂದುವರಿಸಲು ಕಾರಣಸಹಿತ ಆದೇಶ ಬೇಕು ಎಂದು ಸುಪ್ರೀಂ ಕೋರ್ಟ್ ಹೇಳಿತು. ಆದರೆ ಮೂರು ತಿಂಗಳಾಯಿತು, ಆದೇಶ ತಾನಾಗಿ ಬಿದ್ದುಹೋಗುತ್ತದೆ ಎಂದು ಸುಮ್ಮನೆ ಕೂತರೆ ಕೆಟ್ಟಿರಿ. ತೆರವು ಕೋರಿ ಮನವಿ ಕೊಟ್ಟು, ಉತ್ತರ ಬಾರದಿದ್ದರೆ ಆ ಮನವಿಯ ಪ್ರತಿಯನ್ನೇ ನ್ಯಾಯಮಂಡಳಿಯ ಅರ್ಜಿಗೆ ಅನುಬಂಧ ಮಾಡಬೇಕು.

ಅಮಾನತು ಶಿಕ್ಷೆಯಲ್ಲ ಎನ್ನುತ್ತದೆ ಕಾನೂನು. ದಿನಸಿ ಅಂಗಡಿಯವನಿಗೆ, ಬೀಗರಿಗೆ ಅದನ್ನು ಓದಿ ಹೇಳುವವರು ಯಾರು? ಮಗಳ ಶಾಲೆಯ ಗೇಟಿನ ಹತ್ತಿರ ಗೊತ್ತಿದ್ದವರು ಮುಖ ತಿರುಗಿಸಿದಾಗ ಬದುಕೇ ಬೇಡ ಅನ್ನಿಸಿದ್ದುಂಟು. ಅಂಥ ಹೊತ್ತಿನಲ್ಲೂ ಮೇಡಂ ಧೈರ್ಯದ ಮಾತು ಆಡಿದವರಲ್ಲ. "ಈ ತಿಂಗಳ ಸರ್ಟಿಫಿಕೇಟ್ ಕೊಟ್ಯಾ?" ಎಂದು ಫೋನ್ ಮಾಡುತ್ತಿದ್ದರು. ಬೇರೆ ಎಲ್ಲೂ ಉದ್ಯೋಗದಲ್ಲಿಲ್ಲ ಎಂಬ ಆ ದೃಢೀಕರಣ ಕೊಡದಿದ್ದರೆ, ಅಮಾನತಿನಲ್ಲಿ ಸಂಬಳದ ಬದಲು ಸಿಗುವ ಜೀವನಾಧಾರ ಭತ್ಯೆಯ ಬಿಲ್ ಅಲ್ಲೇ ನಿಲ್ಲುತ್ತದೆ. ಕೊಟ್ಟೂ ಭತ್ಯೆ ಬಾರದಿದ್ದರೆ ಅದನ್ನು ಲಿಖಿತವಾಗಿ ಕೇಳುತ್ತಲೇ ಇರಬೇಕು. ನಮ್ಮ ಕೆಜಿಎಫ್‌ನ ಭಾರತ್ ಗೋಲ್ಡ್ ಮೈನ್ಸ್ ಭದ್ರತಾ ಅಧಿಕಾರಿಯಾಗಿದ್ದ ಕ್ಯಾಪ್ಟನ್ ಪಾಲ್ ಆಂಥೋನಿ ಪ್ರಕರಣದಲ್ಲಿ ಭತ್ಯೆ ಕೊಡದೆ ನಡೆಸಿದ ಏಕಪಕ್ಷೀಯ ವಿಚಾರಣೆಯನ್ನು ಸುಪ್ರೀಂ ಕೋರ್ಟ್ 1999ರಲ್ಲಿ ಒಪ್ಪಲಿಲ್ಲ.

ಇಲಾಖಾ ವಿಚಾರಣೆ ಇನ್ನೂ ಬಾಕಿ ಇದೆ. ಅಮಾನತಿನ ಅವಧಿ ಕರ್ತವ್ಯವೆಂದು ಪರಿಗಣನೆಯಾಗುತ್ತದೋ ಇಲ್ಲವೋ ಎಂಬುದು ಅದು ಮುಗಿದ ಮೇಲಿನ ಮಾತು. ಸಿಹಿ ಹಿಡಿದು ಹೋದರೆ ಮೇಡಂ ಡಬ್ಬಿ ಪಕ್ಕಕ್ಕಿಟ್ಟು, ಆರೋಪಕ್ಕೆ ಆಧಾರವಾಗಿ ಇಲಾಖೆ ನೆಚ್ಚಿಕೊಂಡ ದಾಖಲೆಗಳ ಪ್ರತಿ ಕೇಳಿ ಅರ್ಜಿ ಹಾಕಿದ್ದೀಯಾ ಎಂದರು. ನಾಳೆ ಹಾಕುತ್ತೇನೆ ಮೇಡಂ, ಮೊಹರು ಸಮೇತ.