ಹಳೇ ಆಪರೇಷನ್ ರೀಲುಗಳನ್ನು ಗುಜರಿಗೆ ಹಾಕಬೇಡಿ

ಮಾನ್ಯ ಸಂಪಾದಕರೇ,

ನಾನು 31 ವರ್ಷ ಹೃದಯದ ಆಪರೇಷನ್ ಥಿಯೇಟರ್‌ನಲ್ಲಿ ನರ್ಸ್ ಆಗಿದ್ದವಳು. ನಾನು ಕಲಿತ ಆಸ್ಪತ್ರೆಯ ಸ್ಟೋರ್ ಖಾಲಿ ಮಾಡುತ್ತಿದ್ದಾರೆ ಅಂತ ಗೊತ್ತಾಗಿ ಹೋದ ತಿಂಗಳು ಅಲ್ಲಿಗೆ ಹೋದೆ. ಗುಜರಿಗೆ ಹೊರಟಿದ್ದ ಒಂದು ತಗಡಿನ ಡಬ್ಬಿ ತೆರೆದೆ. ವಿನೆಗರ್ ವಾಸನೆ ಮೂಗಿಗೆ ಹೊಡೆಯಿತು. ಒಳಗಿದ್ದ 16 ಎಂಎಂ ರೀಲಿನ ಅಂಚು ಹಪ್ಪಳದ ಹಾಗೆ ಸುರುಟಿತ್ತು. ಅಸಿಟೇಟ್ ಅನ್ನುವ ಪ್ಲಾಸ್ಟಿಕ್‌ನಿಂದ ಮಾಡಿದ ಹಳೇ ಫಿಲ್ಮ್ ಹಾಳಾಗುವುದೇ ಹೀಗೆ.

ವಿದ್ಯಾರ್ಥಿನಿಯಾಗಿದ್ದಾಗ ಆ ರೀಲನ್ನು ಎಷ್ಟೋ ಸಲ ನೋಡಿದ್ದೆ. ರುಮ್ಯಾಟಿಕ್ ಜ್ವರದಿಂದ ಅಂಟಿಕೊಂಡ ಮೈಟ್ರಲ್ ವಾಲ್ವ್, ಅಂದರೆ ಹೃದಯದ ಎಡಭಾಗದ ಎರಡು ಕೋಣೆಗಳ ನಡುವಿನ ಕವಾಟ, ಬಿಡಿಸುವ ಆಪರೇಷನ್ ಅದು. ಹೃದಯ ಬಡಿಯುತ್ತಲೇ ಇರುತ್ತದೆ. ಎಡ ಏಟ್ರಿಯಂಗೆ, ಅಂದರೆ ಎಡಗಡೆಯ ಮೇಲಿನ ಕೋಣೆಗೆ, ಕಿವಿಯಂಥದ್ದೊಂದು ತುದಿ ಇದೆ. ಅದರ ಸುತ್ತ ದಾರ ಪೋಣಿಸಿ, ಚೀಲದ ಬಾಯಿಯ ಹಾಗೆ ಬಿಗಿದು, ಸರ್ಜನ್ ತೋರುಬೆರಳನ್ನು ಒಳಗೆ ತೂರಿಸುತ್ತಾರೆ. ಆಮೇಲೆ ಕಣ್ಣಿಗೆ ಏನೂ ಕಾಣುವುದಿಲ್ಲ, ಎಲ್ಲಾ ಬೆರಳಿಗೇ ಗೊತ್ತು. ನಾನು ನೋಡುತ್ತಿದ್ದದ್ದು ಸಹಾಯಕರ ಕೈಯನ್ನು. ಬೆರಳು ಇಳಿದಷ್ಟೂ ದಾರ ಒಂದಿಷ್ಟೇ ಸಡಿಲಾಗುತ್ತಿತ್ತು, ಮತ್ತೆ ಬಿಗಿಯಾಗುತ್ತಿತ್ತು. ಪುಸ್ತಕದಲ್ಲಿ ದಾರ ಬಿಗಿಯಿರಿ ಅಂತ ಮಾತ್ರ ಇತ್ತು. ಎಷ್ಟು, ಯಾವಾಗ ಅನ್ನುವುದು ಆ ಕೈಯಲ್ಲಿತ್ತು.

ಈ ಬೆರಳಿನ ಕೆಲಸ ಸುಮ್ನೆ ಬಂದದ್ದಲ್ಲ. 1925ರಲ್ಲಿ ಲಂಡನ್‌ನ ಸರ್ಜನ್ ಹೆನ್ರಿ ಸೌಟರ್ ಒಬ್ಬ ಹುಡುಗಿಗೆ ಹೀಗೆ ಮಾಡಿದರು. ಆಕೆ ಬದುಕಿದಳು. ಆದರೂ ಆಮೇಲೆ ಇಂಥ ಆಪರೇಷನ್‌ಗೆ ಅವರ ಹತ್ತಿರ ಯಾರೂ ರೋಗಿಗಳನ್ನು ಕಳಿಸಲಿಲ್ಲ. ಫಿಲಡೆಲ್ಫಿಯಾದಲ್ಲಿ ಚಾರ್ಲ್ಸ್ ಬೈಲಿ ಅವರ ಮೊದಲ ನಾಲ್ವರು ರೋಗಿಗಳು ತೀರಿಕೊಂಡರು. 1948ರ ಜೂನ್ 10ರಂದು ಐದನೆಯವರು ಉಳಿದರು. ಆ ನಾಲ್ವರನ್ನು ನಾನು ಆಗಾಗ ನೆನೆಯುತ್ತೇನೆ.

1953ರಲ್ಲಿ ಸರ್ಜನ್ ಜಾನ್ ಗಿಬ್ಬನ್, ಆಪರೇಷನ್ ವೇಳೆ ಹೃದಯ-ಶ್ವಾಸಕೋಶದ ಕೆಲಸ ಮಾಡುವ ಹಾರ್ಟ್-ಲಂಗ್ ಮಷೀನ್ ಬಳಸಿ ಗೆದ್ದ ಮೇಲೆ, ಹೃದಯ ತೆರೆದು ಕಣ್ಣಾರೆ ನೋಡಿ ಹೊಲಿಯುವ ಕಾಲ ಬಂತು. ಈಗಂತೂ ತೊಡೆಯ ರಕ್ತನಾಳದಿಂದ ಬಲೂನ್ ಕಳಿಸಿ ವಾಲ್ವ್ ಬಿಡಿಸುತ್ತಾರೆ. ರೋಗಿಗೆ ಅದೇ ಒಳ್ಳೆಯದು, ಸಂತೋಷ. ಆದರೆ ಆ ಬೆರಳಿನ ಕೆಲಸವನ್ನು ಇವತ್ತಿನ ಮಕ್ಕಳು ನೋಡಬೇಕೆಂದರೆ ಥಿಯೇಟರ್‌ನಲ್ಲಿ ಸಿಗುವುದು ಕಷ್ಟ. ಫಿಲ್ಮಿನಲ್ಲೇ ನೋಡಬೇಕು, ಅಲ್ವಾ?

ಇಂಥ ಡಬ್ಬಿ ಇಟ್ಟುಕೊಂಡಿರುವ ಎಲ್ಲ ಆಸ್ಪತ್ರೆ, ಕಾಲೇಜುಗಳಿಗೆ ನನ್ನದೊಂದು ವಿನಂತಿ. ಏನಿದೆ ನೋಡೋಣ ಅಂತ ಪ್ರೊಜೆಕ್ಟರ್‌ಗೆ ಹಾಕಬೇಡಿ. ಕುಗ್ಗಿದ ಫಿಲ್ಮ್ ಹರಿದೇ ಹೋಗುತ್ತದೆ. ವಾಸನೆ ಬಂದದ್ದನ್ನು ಬೇರೆ ಇಡಿ, ಇಲ್ಲದಿದ್ದರೆ ಪಕ್ಕದ್ದೂ ಬೇಗ ಕೆಡುತ್ತದೆ. ತಂಪಾದ, ಒಣ ಜಾಗದಲ್ಲಿಡಿ. ತಿಳಿದವರಿಂದ ಆದಷ್ಟು ಬೇಗ ಸ್ಕ್ಯಾನ್ ಮಾಡಿಸಿ.

ಆ ಸ್ಟೋರ್‌ನಲ್ಲಿ ನಾನು ಎಣಿಸಿದ್ದು 14 ಡಬ್ಬಿ. ಒಂಬತ್ತಕ್ಕೆ ಇನ್ನೂ ವಾಸನೆ ಬಂದಿಲ್ಲ.

– ನಿವೃತ್ತ ಥಿಯೇಟರ್ ನರ್ಸ್