ಮಾಯಾಕನ್ನಡಿಯ ಮುಂಗಾಜು ಬದಲಾಗಿದೆ, ಹಳೆಯ ಅಡಾಪ್ಟರ್ ಹಾಕಬೇಡಿ

ಮಾನ್ಯ ಗ್ರಾಹಕರೇ,

ದೀಪದ ಸಾಲುಗಳು ಸುರಂಗದಂತೆ ಆಳಕ್ಕೆ ಹೋದಂತೆ ತೋರಿಸುವ ನಮ್ಮ 45 ಸೆಂ.ಮೀ. ಚೌಕದ ಮಾಯಾಕನ್ನಡಿಯಲ್ಲಿ ಈ ತಿಂಗಳಿಂದ ಮುಂಗಾಜು, ಎಲ್‌ಇಡಿ ಪಟ್ಟಿ, ಅಡಾಪ್ಟರ್ ಮೂರೂ ಬದಲಾಗಿವೆ. ಮಕ್ಕಳ ನಾಟಕದಲ್ಲಿ ಬೇರೊಂದು ಲೋಕದ ಬಾಗಿಲಾಗಿ, ದಸರಾ ಗೊಂಬೆಗಳ ಹಿನ್ನೆಲೆಯಾಗಿ ಇದನ್ನು ಬಳಸುವವರು ಹೇಳುತ್ತಿದ್ದ ಕೊರತೆ ಒಂದೇ: ಏಳೆಂಟು ಸಾಲು ದೀಪ ಕಾಣುತ್ತದೆ, ಆಮೇಲೆ ಬರೀ ಕತ್ತಲೆ. ಅದನ್ನು ಸರಿಪಡಿಸಲೆಂದೇ ಈ ಬದಲಾವಣೆ.

ಮೊದಲು ಅಡಾಪ್ಟರ್ ವಿಷಯ. ಹಳೆಯ ಪಟ್ಟಿಯಲ್ಲಿ ಮೀಟರಿಗೆ 60 ದೀಪ, 4.8 ವ್ಯಾಟ್, ಹೊಸದರಲ್ಲಿ 120 ದೀಪ, 9.6 ವ್ಯಾಟ್. ಒಂದು ಕನ್ನಡಿಗೆ 1.7 ಮೀಟರ್ ಪಟ್ಟಿ ಹಿಡಿಯುವುದರಿಂದ ಒಟ್ಟು 16 ವ್ಯಾಟ್ ದಾಟುತ್ತದೆ. 12 ವೋಲ್ಟಿಗೆ ಲೆಕ್ಕ ಹಾಕಿದರೆ ಸುಮಾರು 1.4 ಆಂಪಿಯರ್. ಹಳೆಯ 1 ಆಂಪಿಯರ್ ಅಡಾಪ್ಟರ್ ಹಾಕಿದರೆ ದೀಪ ಹತ್ತುತ್ತದೆ ನಿಜ, ಆದರೆ ಅಡಾಪ್ಟರ್ ವಿಪರೀತ ಬಿಸಿಯಾಗಿ ಸುಟ್ಟುಹೋಗಬಹುದು. ಜೊತೆಗೆ ಕಳಿಸುವ 2 ಆಂಪಿಯರಿನದನ್ನೇ ಬಳಸಿ.

ಇನ್ನು ಗಾಜು. ಹಿಂದೆ ಪೂರ್ಣ ಕನ್ನಡಿ, ಮುಂದೆ ಅರೆಗನ್ನಡಿ (ಒಂದಿಷ್ಟು ಬೆಳಕನ್ನು ಮರಳಿಸಿ ಒಂದಿಷ್ಟನ್ನು ಹೊರಬಿಡುವ ತೆಳು ಫಿಲ್ಮ್ ಅಂಟಿಸಿದ ಗಾಜು), ನಡುವೆ ದೀಪ. ಬೆಳಕು ಎರಡರ ನಡುವೆ ಓಡಾಡುತ್ತಿರುತ್ತದೆ, ಪ್ರತಿ ಸಲವೂ ಒಂದಿಷ್ಟು ಮುಂಗಾಜಿನಿಂದ ಹೊರಬಿದ್ದು ನಮ್ಮ ಕಣ್ಣಿಗೆ ಬರುತ್ತದೆ. ಹಿಂದಿನ ಕನ್ನಡಿ ಬಿದ್ದ ಬೆಳಕಿನ ಶೇ. 85ರಷ್ಟನ್ನು ಮರಳಿಸುತ್ತದೆ. ಹಳೆಯ ಮುಂಗಾಜಿನ ಫಿಲ್ಮ್ ಮರಳಿಸುತ್ತಿದ್ದುದು ಶೇ. 60. ಅಂದರೆ ಒಂದು ಸುತ್ತಿಗೆ ಬೆಳಕು ಅರ್ಧಕ್ಕಿಳಿಯುತ್ತಿತ್ತು. ಹತ್ತನೆಯ ಸುತ್ತಿಗೆ ಉಳಿಯುತ್ತಿದ್ದುದು ಸಾವಿರದಲ್ಲಿ ಒಂದು ಪಾಲು. ಹೊಸ ಫಿಲ್ಮ್ ಶೇ. 80 ಮರಳಿಸುತ್ತದೆ, ಹತ್ತನೆಯ ಸುತ್ತಿನಲ್ಲೂ ನೂರಕ್ಕೆ ಎರಡು ಪಾಲು ಉಳಿಯುತ್ತದೆ. ಇದಕ್ಕೆ ತೆರಬೇಕಾದ ಬೆಲೆಯೂ ಇದೆ. ಹೊರಬರುವ ಬೆಳಕು ಶೇ. 30ರಿಂದ 12ಕ್ಕೆ ಇಳಿಯಿತು. ದೀಪಗಳನ್ನು ಇಮ್ಮಡಿ ಮಾಡಿದ್ದು ಈ ಕಾರಣಕ್ಕೆ. ಆದರೂ ಮೊದಲ ಸಾಲು ಹಿಂದಿಗಿಂತ ತುಸು ಮಂದವಾಗಿಯೇ ಕಾಣುತ್ತದೆ, ಅದು ದೋಷವಲ್ಲ. ಹಗಲು ಕಿಟಕಿಯ ಎದುರು ಇಟ್ಟರೆ ಇದು ಮುಖ ನೋಡುವ ಕನ್ನಡಿಯಷ್ಟೇ. ಪೆಟ್ಟಿಗೆಯ ಒಳಗಿನ ಬೆಳಕು ಹೊರಗಿನದಕ್ಕಿಂತ ಹೆಚ್ಚಿರಬೇಕು.

ಪಟ್ಟಿ ದಟ್ಟವಾದದ್ದರಿಂದ ಇನ್ನೊಂದು ಲಾಭವಾಯಿತು. 12 ವೋಲ್ಟಿನ ಪಟ್ಟಿಯನ್ನು ಮೂರು ದೀಪಕ್ಕೊಮ್ಮೆ ಮಾತ್ರ ಕತ್ತರಿಸಬಹುದು. ಹಳೆಯದರಲ್ಲಿ ಅದು 5 ಸೆಂ.ಮೀ.ಗೊಮ್ಮೆ, ಹಾಗಾಗಿ 43 ಸೆಂ.ಮೀ. ಒಳಬದಿಯಲ್ಲಿ 3 ಸೆಂ.ಮೀ. ಖಾಲಿ ಉಳಿಯುತ್ತಿತ್ತು. ಮೂಲೆಯ ಆ ಒಂದು ಖಾಲಿ ಜಾಗ ಪ್ರತಿ ಸಾಲಿನಲ್ಲೂ ಮರುಕಳಿಸಿ ಸುರಂಗದ ಉದ್ದಕ್ಕೂ ಕಪ್ಪು ಗೆರೆ ಎಳೆದಂತೆ ಕಾಣುತ್ತಿತ್ತು. ಈಗ 2.5 ಸೆಂ.ಮೀ.ಗೊಮ್ಮೆ ಕತ್ತರಿಸಬಹುದು, ಖಾಲಿ ಉಳಿಯುವುದು ಅರ್ಧ ಸೆಂ.ಮೀ.

ಫಿಲ್ಮನ್ನು ಈಗ ಗಾಜಿನ ಒಳಮೈಗೆ ಅಂಟಿಸುತ್ತಿದ್ದೇವೆ. ಕಟಿಂಗ್ ಶಾಪಿನಲ್ಲಿ ಎದುರುಬದುರು ಕನ್ನಡಿಗಳ ನಡುವೆ ಕೂತಾಗ ಆಳಕ್ಕೆ ಹೋದಂತೆ ಬಿಂಬಗಳು ಹಸಿರಾಗುವುದನ್ನು ನೋಡಿರುತ್ತೀರಿ. ಗಾಜಿನಲ್ಲಿರುವ ಕಬ್ಬಿಣದ ಅಂಶ ಕೆಂಪು ಬೆಳಕನ್ನು ಸ್ವಲ್ಪ ಸ್ವಲ್ಪವೇ ನುಂಗುತ್ತದೆ. ಫಿಲ್ಮ್ ಹೊರಮೈಯಲ್ಲಿದ್ದಾಗ ಬೆಳಕು ಪ್ರತಿ ಸುತ್ತಿನಲ್ಲೂ 4 ಮಿ.ಮೀ. ಮುಂಗಾಜನ್ನು ಎರಡು ಸಲ ದಾಟಬೇಕಿತ್ತು. ಈಗ ಆ ದಾರಿ ತಪ್ಪಿದೆ, ಹಿಂದಿನ ಕನ್ನಡಿಯ ಹಸಿರು ಮಾತ್ರ ಉಳಿದಿದೆ. ಯಾವ ಮೈಯಲ್ಲಿ ಫಿಲ್ಮ್ ಇದೆಯೆಂದು ತಿಳಿಯಲು ಗಾಜಿಗೆ ಉಗುರು ತಾಗಿಸಿ: ಉಗುರಿಗೂ ಅದರ ಗಟ್ಟಿ ಬಿಂಬಕ್ಕೂ ನಡುವೆ ಅಂತರ ಕಂಡರೆ ಫಿಲ್ಮ್ ಆಚೆ ಮೈಯಲ್ಲಿದೆ.

ಹಳೆಯ ಕನ್ನಡಿಗೆ ಗಾಜು ಮಾತ್ರ ಬದಲಿಸುವುದಾದರೆ ಫಿಲ್ಮ್ ಮೈಯನ್ನು ಒಳಗೆ ಮಾಡಿ ಕೂರಿಸಿ. ಪಟ್ಟಿ ಹಳೆಯದೇ ಇದ್ದರೆ ಚಿತ್ರ ಮಂಕಾಗುತ್ತದೆ, ಆದ್ದರಿಂದ ಎರಡನ್ನೂ ಒಟ್ಟಿಗೆ ಬದಲಿಸುವುದೇ ಸರಿ. ಪಟ್ಟಿಯನ್ನು ಎರಡು ಕನ್ನಡಿಗಳ ಸರಿಮಧ್ಯಕ್ಕೆ, ಅಂದರೆ 5 ಸೆಂ.ಮೀ. ಆಳದಲ್ಲಿ 2.5ಕ್ಕೆ ಅಂಟಿಸಿ. ಆಗ ಸಾಲುಗಳ ನಡುವಿನ ಅಂತರ ಒಂದೇ ಸಮ ಇರುತ್ತದೆ; ಹಿಂದೆ ಮುಂದೆ ಸರಿದರೆ ಸಾಲುಗಳು ಜೋಡಿ ಜೋಡಿಯಾಗಿ ಕಾಣುತ್ತವೆ.

ಎರಡು ಗಾಜುಗಳ ಅಂತರವನ್ನು ನಾಲ್ಕೂ ಮೂಲೆಯಲ್ಲಿ ಅಳೆಯಿರಿ. ಒಂದು ಬದಿಯಲ್ಲಿ 2 ಮಿ.ಮೀ. ಹೆಚ್ಚಾದರೂ ಕಾಲು ಡಿಗ್ರಿ ಓರೆಯಾಗುತ್ತದೆ. ಪ್ರತಿ ಸುತ್ತಿಗೆ ಅದರ ಎರಡರಷ್ಟು ಸೇರುತ್ತಾ ಹತ್ತನೆಯ ಸುತ್ತಿಗೆ ಸುರಂಗ 5 ಡಿಗ್ರಿ ವಾಲಿರುತ್ತದೆ. ನಾಟಕದವರಿಗೆ ಬಾಗಿದ ಸುರಂಗವೇ ಬೇಕಿದ್ದರೆ ಇದನ್ನೇ ಬಳಸಿಕೊಳ್ಳಬಹುದು: ಒಂದು ಬದಿಗೆ 8 ಮಿ.ಮೀ. ಮರದ ಪಟ್ಟಿ ಕೊಟ್ಟರೆ ಅದರ ಎದುರು ದಿಕ್ಕಿಗೆ 20 ಡಿಗ್ರಿಯಷ್ಟು ಬಾಗುತ್ತದೆ. ರಂಗದ ಮೇಲೆ ಇದು ಬಹಳ ಚೆನ್ನಾಗಿ ಕಾಣುತ್ತದೆ. ಸಂದಿಗೆ ಕಪ್ಪು ಟೇಪ್ ಹಾಕಿ, ಒಳಗೆ ಬಿದ್ದ ಒಂದು ಕಣ ಧೂಳೂ ಪ್ರತಿ ಸಾಲಿನಲ್ಲಿ ಕಾಣುತ್ತದೆ.

ಬಡಗಿಯಿಂದ ಅಂಟಿಸಿಕೊಳ್ಳುವಾಗ ವಿನೆಗರ್ ವಾಸನೆ ಬರುವ ಸಿಲಿಕೋನ್ ಬೇಡವೆನ್ನಿ. ಅದರ ಆಮ್ಲ ಹಿಂದಿನ ಕನ್ನಡಿಯ ಬೆಳ್ಳಿ ಲೇಪವನ್ನು ತಿಂದು ಅಂಚನ್ನು ಕಪ್ಪಾಗಿಸುತ್ತದೆ. ನ್ಯೂಟ್ರಲ್ ಸಿಲಿಕೋನ್ ಎಂದು ಕೇಳಿ ತನ್ನಿ. ಒರೆಸುವಾಗ ನೀರನ್ನು ಬಟ್ಟೆಗೆ ಹಾಕಿ, ನೇರ ಗಾಜಿಗೆ ಸಿಂಪಡಿಸಬೇಡಿ.

ಗಾಜು ಬದಲಿಸಿಕೊಳ್ಳಲು ಬರುವವರು ಪೆಟ್ಟಿಗೆಯನ್ನು ಮಲಗಿಸದೆ ನಿಲ್ಲಿಸಿಕೊಂಡೇ ತನ್ನಿ. ಹಳೆಯ ಅಡಾಪ್ಟರನ್ನೂ ಜೊತೆಗೆ ತಂದುಕೊಡಿ.

ಇಂತಿ,
ಕನ್ನಡಿ ತಯಾರಕರ ಸಹಕಾರ ಸಂಘದ ಪರವಾಗಿ